ಚುಕ್ಕೆಯಲ್ಲ, ಅದು ತಿರುಗುತ್ತಿದೆ!

ಮೂಡಿಗೆರೆಯಲ್ಲಿ ಮಳೆ ಹಿಡಿದು ಕೂತಿತೆಂದರೆ ಮನೆಯೊಳಗಿನ ಅಕ್ವೇರಿಯಂ ನೀರೂ ತಣ್ಣಗಾಗುತ್ತದೆ. ಕರೆಂಟ್ ಹೋಗಿ ಹೀಟರ್ ನಿಂತರಂತೂ ಕೇಳುವುದೇ ಬೇಡ. ಥಂಡಿಗೆ ಸೊರಗಿದ ಮೀನು ಇದ್ದಕ್ಕಿದ್ದಂತೆ ಹೊರಳಿ ಕಲ್ಲಿಗೆ ಮೈ ಉಜ್ಜುತ್ತದೆ. ಆಮೇಲೆ ನೋಡಿದರೆ ಬಾಲದ ಮೇಲೆಲ್ಲ ರವೆ ಉದುರಿದ ಹಾಗೆ ಬಿಳಿ ಚುಕ್ಕೆ!

ಚುಕ್ಕೆಯಿದ್ದ ಕಡೆ ಲೋಳೆಯನ್ನು ಹಗುರವಾಗಿ ಕೆರೆದು, ಗಾಜಿನ ಪಟ್ಟಿಯ ಮೇಲಿಟ್ಟು, ಅದೇ ತೊಟ್ಟಿಯ ಒಂದು ಹನಿ ನೀರು ಬಿಟ್ಟು ಸೂಕ್ಷ್ಮದರ್ಶಕಕ್ಕೆ ಕಣ್ಣಿಟ್ಟೆ. 40 ಪಟ್ಟು ಹಿಗ್ಗಿಸಿದರೆ ಸಾಕು. ಅಬ್ಬಾ, ಅದು ತಿರುಗುತ್ತಿದೆ! ಮೈತುಂಬ ನವಿರು ರೋಮ, ನಿಧಾನಕ್ಕೆ ಸುತ್ತುವ ಕಪ್ಪು ಉಂಡೆ, ಒಳಗೆ ಕುದುರೆ ಲಾಳದಾಕಾರದ ಕೋಶಕೇಂದ್ರ. ಆ ಲಾಳ ಕಂಡಿತೋ, ಅನುಮಾನವೇ ಇಲ್ಲ: ಇಕ್ತಿಯೋಫ್ತಿರಿಯಸ್. ಒಂದೇ ಜೀವಕೋಶದ ಪ್ರಾಣಿ, ಆದರೂ ಬರಿಗಣ್ಣಿಗೆ ಕಾಣುವಷ್ಟು ದೊಡ್ಡದು!

ಇನ್ನೂ ಬೆರಗಿನದು ಅದರ ಬದುಕು. ಅದು ಕೂತಿರುವುದು ಮೀನಿನ ಮೈಮೇಲಲ್ಲ, ಚರ್ಮದ ಪದರದೊಳಗೆ. ನೀರಿಗೆ ಹಾಕಿದ ಔಷಧಿ ಅಲ್ಲಿಗೆ ಮುಟ್ಟುವುದೇ ಇಲ್ಲ. ತಿಂದು ಬಲಿತ ಮೇಲೆ ಚರ್ಮ ಒಡೆದು ಹೊರಬಿದ್ದು, ತಳದ ಮರಳಿನಲ್ಲಿ ಕೋಶ ಕಟ್ಟಿಕೊಂಡು, ಒಂದು ಎರಡಾಗಿ, ಎರಡು ನಾಲ್ಕಾಗಿ, ನೂರಾರು ಮರಿಗಳಾಗುತ್ತದೆ. ಒಂದೆರಡು ದಿನದಲ್ಲಿ ಮೀನು ಸಿಗದಿದ್ದರೆ ಆ ಮರಿಗಳಿಗೆ ಸಾವು. ಔಷಧಿಗೆ ಅವು ಸಿಗುವುದು ಹೀಗೆ ಮೀನು ಹುಡುಕುತ್ತ ಈಜುವಾಗ ಮಾತ್ರ! 25 ಡಿಗ್ರಿಯ ನೀರಿನಲ್ಲಿ ಈ ಸುತ್ತು ವಾರದೊಳಗೆ ಮುಗಿದರೆ, ನಮ್ಮ ಮಳೆಗಾಲದ ತಣ್ಣೀರಿನಲ್ಲಿ ಇನ್ನೂ ಹೆಚ್ಚು ದಿನ ಎಳೆಯುತ್ತದೆ. ಚುಕ್ಕೆ ಮಾಯವಾಯಿತೆಂದು ಔಷಧಿ ನಿಲ್ಲಿಸಿದ ಎಷ್ಟೋ ತೊಟ್ಟಿಗಳು ಖಾಲಿಯಾಗುವುದು ಇಲ್ಲೇ. ಎಷ್ಟೋ ಸಲ ಮೈಮೇಲೆ ಒಂದೂ ಚುಕ್ಕೆ ಇರುವುದಿಲ್ಲ, ಕಿವಿರಿನೊಳಗೇ ತುಂಬಿರುತ್ತದೆ. ಮೀನು ಮೇಲೆ ಬಂದು ಬಾಯಿ ಬಾಯಿ ಬಿಡುತ್ತದೆ, ಅಷ್ಟೇ.

ಬಿಳಿಯೆಲ್ಲ ರೋಗವೂ ಅಲ್ಲ. ಗಂಡು ಗೋಲ್ಡ್‌ಫಿಶ್‌ಗೆ ಬೆದೆಗಾಲದಲ್ಲಿ ಕಿವಿರಿನ ಮುಚ್ಚಳದ ಮೇಲೂ ಎದೆಯ ರೆಕ್ಕೆಯ ಮುಂದಂಚಿನಲ್ಲೂ ಸಾಲಾಗಿ ಬಿಳಿ ಗುಳ್ಳೆ ಏಳುತ್ತವೆ. ಅದು ಪ್ರಾಯದ ಗುರುತು, ಅದಕ್ಕೆ ಔಷಧಿ ಸುರಿಯಬೇಡಿ!

ಚುಕ್ಕೆಯೇ ಇಲ್ಲದೆ ಮೈ ಉಜ್ಜುವ ಮೀನಿನ ಲೋಳೆಯನ್ನೂ ಒಮ್ಮೆ ನೋಡಿ. ಕೊಕ್ಕೆಯೂರಿ ಬಳುಕುವ ಪುಟ್ಟ ಹುಳು ಸಿಕ್ಕೀತು, ಗೈರೋಡ್ಯಾಕ್ಟಿಲಸ್. ಮೊಟ್ಟೆಯಿಡುವ ಜಾತಿಯಲ್ಲ. ಪಾರದರ್ಶಕ ಹೊಟ್ಟೆಯಲ್ಲಿ ಮಗಳು ಕಾಣುತ್ತಾಳೆ, ಆ ಮಗಳ ಹೊಟ್ಟೆಯಲ್ಲಿ ಆಗಲೇ ಮೊಮ್ಮಗಳು!