ಬೆಳ್ಳಿ ಕರಗಿಸಿ ಬಂಗಾರ ಉಳಿಸುವ ಆಮ್ಲ

ಒಡವೆಯ ಮೇಲೆ 916ರ ಮುದ್ರೆ ಬೀಳಬೇಕಾದರೆ ಅದರದೊಂದು ಚೂರು ಬೆಂಕಿಯನ್ನೂ ಆಸಿಡ್ಡನ್ನೂ ದಾಟಿ ಬರಬೇಕು. ಹಾಲ್‌ಮಾರ್ಕಿಂಗ್ ಕೇಂದ್ರದಲ್ಲಿ ಒಡವೆಯಿಂದ ಒಂದಿಷ್ಟು ಚಿನ್ನ ಕತ್ತರಿಸಿ ತೂಗುತ್ತಾರೆ. ಅದಕ್ಕೆ ಎರಡೂವರೆ ಪಟ್ಟಿನಷ್ಟು ಬೆಳ್ಳಿ ಸೇರಿಸಿ, ಸೀಸದ ಹಾಳೆಯಲ್ಲಿ ಸುತ್ತಿ ಕುಲುಮೆಗೆ ಇಡುತ್ತಾರೆ. ಸೀಸವೂ ಒಡವೆಯಲ್ಲಿ ಬೆರೆತಿದ್ದ ತಾಮ್ರವೂ ಆಕ್ಸೈಡುಗಳಾಗಿ ಪುಟ್ಟ ಮೂಸೆಯ ಮೈಯೊಳಗೇ ಇಂಗಿಹೋಗುತ್ತವೆ. ಉಳಿಯುವುದು ಬಂಗಾರ, ಬೆಳ್ಳಿ ಬೆರೆತ ಒಂದು ಮಣಿ. ಅದನ್ನು ತಟ್ಟಿ, ರೋಲರಿನಲ್ಲಿ ತೆಳ್ಳಗೆ ಮಾಡಿ, ಸುರುಳಿ ಸುತ್ತಿ ಬಿಸಿ ನೈಟ್ರಿಕ್ ಆಮ್ಲದಲ್ಲಿ ಕುದಿಸುತ್ತಾರೆ. ಕಂದು ಹೊಗೆ ಏಳುತ್ತದೆ, ಬೆಳ್ಳಿ ಕರಗಿ ದ್ರಾವಣ ಸೇರುತ್ತದೆ. ಸುರುಳಿ ಮಾತ್ರ ಆಕಾರ ಕೆಡದೆ ನಿಂತಿರುತ್ತದೆ. ಆಗ ಅದರ ಬಣ್ಣ ಮಂಕು ಕಂದು, ಒರಟಾಗಿ ಮುಟ್ಟಿದರೆ ಮುರಿದೇಹೋಗುವಷ್ಟು ಪೊಳ್ಳು. ತೊಳೆದು ಮತ್ತೆ ಕಾಯಿಸಿದಾಗಲೇ ಹೊಂಬಣ್ಣ ಮೂಡುವುದು. ಈ ಸುರುಳಿಯ ತೂಕವೇ ಒಡವೆಯ ಸತ್ಯ.

ಬಂಗಾರ ಅಳೆಯಲು ಬೆಳ್ಳಿ ಸೇರಿಸುವುದೇಕೆ? ಬೆಳ್ಳಿ ಕಡಿಮೆಯಿದ್ದರೆ ಬಂಗಾರದ ಪರಮಾಣುಗಳು ಅದನ್ನು ಸುತ್ತುಗಟ್ಟಿ ಮುಚ್ಚಿಬಿಡುತ್ತವೆ, ಆಮ್ಲಕ್ಕೆ ಒಳಹೋಗಲು ದಾರಿ ಇರುವುದಿಲ್ಲ. ಬೆಳ್ಳಿ ಸಾಕಷ್ಟಿದ್ದರೆ ಒಂದು ಕಣ ಕರಗಿ ಮುಂದಿನದಕ್ಕೆ ದಾರಿ ಬಿಡುತ್ತಾ ಹೋಗುತ್ತದೆ. ತೀರಾ ಹೆಚ್ಚಾದರೆ ಬಂಗಾರ ಪುಡಿಪುಡಿಯಾಗಿ ಉದುರುತ್ತದೆ. ಶತಮಾನಗಳ ಹಿಂದೆ ಲೋಹಗಾರರು ಕೈ ಅನುಭವದಿಂದಲೇ ಕಂಡುಕೊಂಡ ಈ ಹದವನ್ನು ಇಂದಿನ ಪ್ರಯೋಗಾಲಯಗಳೂ ಬಿಟ್ಟಿಲ್ಲ. ಎಕ್ಸ್‌ರೇ ಯಂತ್ರ ಕ್ಷಣದಲ್ಲಿ ಅಂದಾಜು ಹೇಳುತ್ತದೆ. ಆದರೂ ತಕರಾರು ಬಂದಾಗ ಕೊನೆಯ ತೀರ್ಪು ಈ ಸುರುಳಿಯದೇ.

ಬೆಳ್ಳಿಯನ್ನು ಹೈಡ್ರೋಕ್ಲೋರಿಕ್ ಆಮ್ಲದಲ್ಲಿ ಹಾಕಿ ನೋಡಿ, ಕದಲುವುದಿಲ್ಲ. ಅದೂ ಪ್ರಬಲ ಆಮ್ಲವೇ. ಹಾಗಾದರೆ ನೈಟ್ರಿಕ್ ಆಮ್ಲದ ಬಲ ಅದರ ಆಮ್ಲತೆಯಲ್ಲಿ ಇಲ್ಲ, ನೈಟ್ರೇಟ್ ಅಯಾನಿನಲ್ಲಿದೆ. ಅಲ್ಲಿ ನೈಟ್ರೋಜನ್ನಿನ ಉತ್ಕರ್ಷಣ ಸಂಖ್ಯೆ +5. ಅದಕ್ಕಿಂತ ಮೇಲೆ ಅದು ಹೋಗಲಾರದು. ಸಿಕ್ಕ ಲೋಹದಿಂದ ಎಲೆಕ್ಟ್ರಾನು ಕಸಿದು ಕೆಳಗಿಳಿಯುವುದೇ ಅದರ ಸ್ವಭಾವ. ಗಾಢ ನೈಟ್ರಿಕ್ ಆಮ್ಲ ತಾಮ್ರಕ್ಕೆ ತಾಗಿದರೆ ಕಂದು ಬಣ್ಣದ ನೈಟ್ರೋಜನ್ ಡೈಆಕ್ಸೈಡ್ ಬರುತ್ತದೆ. ನೀರು ಬೆರೆಸಿದ ಆಮ್ಲವಾದರೆ ಬಣ್ಣವಿಲ್ಲದ ನೈಟ್ರಿಕ್ ಆಕ್ಸೈಡ್ ಬಂದು, ಗಾಳಿ ಸೋಕಿದ ಕೂಡಲೇ ಅದೂ ಕಂದಾಗುತ್ತದೆ. ಶಾಲೆಯಲ್ಲಿ ಕಲಿತಂತೆ ಹೈಡ್ರೋಜನ್ ಗುಳ್ಳೆಗಳು ಇಲ್ಲಿ ಸಾಮಾನ್ಯವಾಗಿ ಕಾಣುವುದಿಲ್ಲ.

ಬಂಗಾರ ಮಾತ್ರ ಇದಕ್ಕೆ ಬಗ್ಗದು. ಮೂರು ಪಾಲು ಹೈಡ್ರೋಕ್ಲೋರಿಕ್ ಆಮ್ಲಕ್ಕೆ ಒಂದು ಪಾಲು ನೈಟ್ರಿಕ್ ಸೇರಿಸಿದ ರಾಜೋದಕದಲ್ಲಿ ಅದೂ ಕರಗುತ್ತದೆ. ನೈಟ್ರಿಕ್ ಆಮ್ಲ ಎಲೆಕ್ಟ್ರಾನು ಕಸಿದುಕೊಂಡರೆ, ಕ್ಲೋರೈಡ್ ಅಯಾನುಗಳು ಆ ಬಂಗಾರವನ್ನು ಹಿಡಿದು ಮತ್ತೆ ಲೋಹವಾಗಲು ಬಿಡುವುದಿಲ್ಲ. 1940ರಲ್ಲಿ ಜರ್ಮನ್ ಸೇನೆ ಕೋಪನ್‌ಹೇಗನ್ನಿಗೆ ನುಗ್ಗಿದಾಗ, ನೀಲ್ಸ್ ಬೋರ್ ಸಂಸ್ಥೆಯಲ್ಲಿದ್ದ ಜಾರ್ಜ್ ಡಿ ಹೆವೆಸಿ ಮ್ಯಾಕ್ಸ್ ಫಾನ್ ಲಾವೆ ಮತ್ತು ಜೇಮ್ಸ್ ಫ್ರಾಂಕ್ ಅವರ ನೊಬೆಲ್ ಪದಕಗಳನ್ನು ಇದರಲ್ಲೇ ಕರಗಿಸಿ ಕಪಾಟಿನಲ್ಲಿ ಇಟ್ಟಿದ್ದರು. ಯುದ್ಧ ಮುಗಿದ ಮೇಲೆ ಆ ದ್ರಾವಣದಿಂದಲೇ ಬಂಗಾರ ತೆಗೆದು ಪದಕಗಳನ್ನು ಮತ್ತೆ ಅಚ್ಚು ಹಾಕಿಸಲಾಯಿತು.

ಕಬ್ಬಿಣ ಮತ್ತು ಅಲ್ಯೂಮಿನಿಯಂಗಳ ನಡವಳಿಕೆ ಇನ್ನೂ ಸೋಜಿಗದ್ದು. ನೈಟ್ರಿಕ್ ಆಮ್ಲ ಬಹಳ ಗಾಢವಾಗಿದ್ದರೆ ಅವುಗಳ ಮೈಮೇಲೆ ಆಕ್ಸೈಡಿನ ತೆಳು ಪೊರೆ ಕಟ್ಟಿಕೊಂಡು ಕ್ರಿಯೆ ನಿಂತೇಹೋಗುತ್ತದೆ. ಆದ್ದರಿಂದಲೇ ಅತಿ ಗಾಢ ನೈಟ್ರಿಕ್ ಆಮ್ಲವನ್ನು ಅಲ್ಯೂಮಿನಿಯಂ ಟ್ಯಾಂಕರಿನಲ್ಲಿ ಸಾಗಿಸಲು ಆಗುವುದು.

ಆ ಕಂದು ಹೊಗೆಯ ಬಗ್ಗೆ ಸ್ವಲ್ಪ ನಿಂತು ಹೇಳಬೇಕು. ಕಿರಿದಾದ ಕೋಣೆಗಳಲ್ಲಿ ಬೆಳ್ಳಿ, ಬಂಗಾರ ಶುದ್ಧಿ ಮಾಡುವವರು ಅದನ್ನು ದಿನವೂ ಉಸಿರಾಡುತ್ತಾರೆ. ಕ್ಲೋರಿನ್ ಅಥವಾ ಅಮೋನಿಯಾ ತಾಗಿದರೆ ಕಣ್ಣು, ಗಂಟಲು ಉರಿದು ಮನುಷ್ಯ ತಾನಾಗಿಯೇ ಹೊರಗೆ ಓಡುತ್ತಾನೆ. ನೈಟ್ರೋಜನ್ ಡೈಆಕ್ಸೈಡ್ ನೀರಿನಲ್ಲಿ ಅಷ್ಟು ಬೇಗ ಕರಗುವುದಿಲ್ಲ. ಹಾಗಾಗಿ ಗಂಟಲಲ್ಲಿ ನಿಲ್ಲದೆ ಶ್ವಾಸಕೋಶದ ಆಳಕ್ಕೆ ಇಳಿಯುತ್ತದೆ. ಒಂದಿಷ್ಟು ಕೆಮ್ಮಿ, ಸುಧಾರಿಸಿಕೊಂಡು ಮನೆಗೆ ಹೋದವನಿಗೆ ಹಲವು ಗಂಟೆಗಳ ನಂತರ, ಕೆಲವೊಮ್ಮೆ ಮರುದಿನ, ಶ್ವಾಸಕೋಶದಲ್ಲಿ ನೀರು ತುಂಬಿ ಉಸಿರು ಕಟ್ಟಬಹುದು. 1929ರಲ್ಲಿ ಅಮೆರಿಕದ ಕ್ಲೀವ್‌ಲ್ಯಾಂಡ್ ಕ್ಲಿನಿಕ್‌ನಲ್ಲಿ ನೈಟ್ರೋಸೆಲ್ಯುಲೋಸಿನ ಎಕ್ಸ್‌ರೇ ಫಿಲ್ಮುಗಳು ಹೊತ್ತಿಕೊಂಡಾಗ ನೂರಕ್ಕೂ ಹೆಚ್ಚು ಜನ ಸತ್ತರು. ಹೆಚ್ಚಿನವರನ್ನು ಕೊಂದದ್ದು ಈ ಕಂದು ಹೊಗೆಯೂ ಬೆರೆತ ವಿಷಾನಿಲ, ಬೆಂಕಿಯಲ್ಲ. ಆರಾಮಾಗಿ ನಡೆದು ಹೊರಬಂದ ಕೆಲವರೂ ಆಮೇಲೆ ತೀರಿಕೊಂಡರು. ಕೆಲಸದ ಜಾಗದಲ್ಲಿ ಹೊಗೆ ಎಳೆದುಹಾಕುವ ಗೂಡು ಇರಲೇಬೇಕು; ಒಂದು ಕಿಟಕಿ ಸಾಲದು. ಹೊಗೆ ಕುಡಿದವರನ್ನು ಚೆನ್ನಾಗಿ ಕಂಡರೂ ಆಸ್ಪತ್ರೆಗೆ ಕರೆದೊಯ್ದು, ಯಾವ ಹೊಗೆ ಎಂದು ಹೇಳಿ, ರಾತ್ರಿಯಿಡೀ ನಿಗಾದಲ್ಲಿಡಬೇಕು. ಆಮ್ಲ ತಾಗಿ ಕೈಗೆ ಹತ್ತುವ ಹಳದಿ ಕಲೆ ಚರ್ಮದ ಪ್ರೋಟೀನೇ ಬದಲಾದ ಗುರುತು, ಸೋಪಿಗೆ ಹೋಗದು.

ಹಿಂದೆ ಈ ಆಮ್ಲಕ್ಕೆ ಮೂಲ ಪೆಟ್ಲುಪ್ಪು. ಬಿಹಾರದ ಮಣ್ಣಿನಿಂದ ತೆಗೆದ ಪೆಟ್ಲುಪ್ಪನ್ನು ಈಸ್ಟ್ ಇಂಡಿಯಾ ಕಂಪನಿ ಹಡಗುಗಟ್ಟಲೆ ಸಾಗಿಸುತ್ತಿತ್ತು, ಮುಖ್ಯವಾಗಿ ಕೋವಿಮದ್ದಿಗೆ. ಆಮೇಲೆ ಚಿಲಿ ದೇಶದ ಮರುಭೂಮಿಯ ನೈಟ್ರೇಟ್ ಬಂತು. 1902ರಲ್ಲಿ ವಿಲ್ಹೆಲ್ಮ್ ಆಸ್ಟ್‌ವಾಲ್ಡ್ ಪೇಟೆಂಟ್ ಪಡೆದ ವಿಧಾನ ಈ ಅವಲಂಬನೆಯನ್ನು ಮುರಿಯಿತು. ಅಮೋನಿಯಾ ಮತ್ತು ಗಾಳಿಯನ್ನು ಕೆಂಪಗೆ ಕಾದ ಪ್ಲಾಟಿನಂ ಬಲೆಯ ಮೂಲಕ ಹಾಯಿಸಬೇಕು. ತಾಪ ಸುಮಾರು 900 ಡಿಗ್ರಿ. ಅನಿಲ ಬಲೆಗೆ ತಾಗುವುದು ಸೆಕೆಂಡಿನ ಸಾವಿರದ ಒಂದು ಭಾಗದಷ್ಟು ಹೊತ್ತು ಮಾತ್ರ. ಹೆಚ್ಚು ಹೊತ್ತು ನಿಂತರೆ ಸಿಗುವುದು ಬರಿಯ ನೈಟ್ರೋಜನ್. ಮೊದಲ ಮಹಾಯುದ್ಧದಲ್ಲಿ ಬ್ರಿಟಿಷ್ ನೌಕಾಪಡೆ ಚಿಲಿಯಿಂದ ಬರುವ ಹಡಗುಗಳನ್ನು ತಡೆದಾಗ, ಹೇಬರ್ ಮತ್ತು ಬಾಷ್ ಅವರ ಅಮೋನಿಯಾವನ್ನು ಆಮ್ಲವಾಗಿಸಿ ಜರ್ಮನಿ ಮದ್ದುಗುಂಡು ಮಾಡಿಕೊಂಡಿತು. ಆ ಯುದ್ಧ ವರ್ಷಗಟ್ಟಲೆ ಎಳೆದುದರಲ್ಲಿ ಅಮೋನಿಯಾವನ್ನು ಆಮ್ಲವಾಗಿಸುವ ಈ ವಿಧಾನದ ಪಾಲು ದೊಡ್ಡದು.

ಇಂದು ಜಗತ್ತಿನ ನೈಟ್ರಿಕ್ ಆಮ್ಲದ ಬಹುಪಾಲು ಅಮೋನಿಯಂ ನೈಟ್ರೇಟಿಗೆ ಹೋಗುತ್ತದೆ. ಯುರೋಪಿನಲ್ಲಿ ಅದು ಗೊಬ್ಬರ. ನಮ್ಮ ರೈತರು ಬಳಸುವ ಯೂರಿಯಾಕ್ಕೆ ಈ ಆಮ್ಲ ಬೇಕಿಲ್ಲ. ಅಮೋನಿಯಾ ಮತ್ತು ಇಂಗಾಲದ ಡೈಆಕ್ಸೈಡ್ ಸಾಕು. ಆದರೆ ಸುಫಲಾ 15:15:15 ಗೊಬ್ಬರದಲ್ಲಿ ಶಿಲಾರಂಜಕವನ್ನು ಕರಗಿಸುವುದು ಇದೇ ಆಮ್ಲ. ನಮ್ಮಲ್ಲಿ ಅಮೋನಿಯಂ ನೈಟ್ರೇಟ್ ಕಾಣಿಸುವುದು ಹೆಚ್ಚಾಗಿ ಕಲ್ಲಿದ್ದಲು ಗಣಿಗಳಲ್ಲಿ, ಕಲ್ಲು ಕ್ವಾರಿಗಳಲ್ಲಿ, ಸ್ಫೋಟಕವಾಗಿ. 2012ರ ನಿಯಮಗಳು ಅದರ ದಾಸ್ತಾನು, ಸಾಗಾಟಗಳಿಗೆ ಪರವಾನಗಿ ಕಡ್ಡಾಯ ಮಾಡಿವೆ. ಬಣ್ಣ, ಔಷಧ, ನೈಲಾನುಗಳಿಗೂ ಈ ಆಮ್ಲ ಬೇಕು.

ಪ್ಲಾಟಿನಂ ಬಲೆಯಲ್ಲಿ ಇನ್ನೊಂದು ಅನಿಲವೂ ಹುಟ್ಟುತ್ತದೆ: ನೈಟ್ರಸ್ ಆಕ್ಸೈಡ್. ಬಣ್ಣವಿಲ್ಲ, ಆದ್ದರಿಂದ ಯಾರ ಕಣ್ಣಿಗೂ ಬೀಳುವುದಿಲ್ಲ. ನೂರು ವರ್ಷದ ಲೆಕ್ಕದಲ್ಲಿ ಅದರ ಒಂದು ಕಿಲೋ, ಇಂಗಾಲದ ಡೈಆಕ್ಸೈಡಿನ ಸುಮಾರು 270 ಕಿಲೋದಷ್ಟು ಭೂಮಿಯನ್ನು ಬಿಸಿಮಾಡುತ್ತದೆ. ಇದನ್ನು ತಡೆಯುವ ಉಪಾಯ ಕಷ್ಟದ್ದಲ್ಲ. ಬಲೆಯ ಕೆಳಗೇ ಇನ್ನೊಂದು ವೇಗವರ್ಧಕದ ಪದರ ಇಟ್ಟರೆ ಅದರ ಬಹುಪಾಲು ಅಲ್ಲೇ ನೈಟ್ರೋಜನ್, ಆಮ್ಲಜನಕವಾಗಿ ಒಡೆಯುತ್ತದೆ. ಆಮ್ಲದ ಇಳುವರಿಗೆ ಹೆಚ್ಚು ನಷ್ಟವಿಲ್ಲ. ಆದರೆ ಕಾರ್ಖಾನೆಗೆ ಅದರಿಂದ ಲಾಭವೂ ಇಲ್ಲ. ಕ್ಯೋಟೋ ಒಪ್ಪಂದದಡಿ ಕಾರ್ಬನ್ ಕ್ರೆಡಿಟ್ಟಿಗೆ ಹಣ ಸಿಗುತ್ತಿದ್ದಾಗ ಹಲವು ದೇಶಗಳ ಕಾರ್ಖಾನೆಗಳು ಈ ಪದರ ಹಾಕಿಕೊಂಡವು. ಕ್ರೆಡಿಟ್ಟಿನ ಬೆಲೆ ಕುಸಿದಾಗ ಆ ಉತ್ಸಾಹವೂ ಇಳಿಯಿತು. ಮಾರುಕಟ್ಟೆಯ ಏರಿಳಿತಕ್ಕೆ ಬಿಡುವ ವಿಷಯ ಇದಲ್ಲ. ಹೊಸ ನೈಟ್ರಿಕ್ ಆಮ್ಲ ಘಟಕಕ್ಕೆ ಪರಿಸರ ಅನುಮತಿ ಕೊಡುವಾಗಲೇ ಆ ಎರಡನೇ ಪದರವನ್ನೂ, ಚಿಮಣಿಯಲ್ಲಿ ನೈಟ್ರಸ್ ಆಕ್ಸೈಡ್ ಅಳೆಯುವ ಉಪಕರಣವನ್ನೂ ಷರತ್ತಾಗಿ ಬರೆಯಬೇಕು.