‘ಹಿಟ್‌ಮ್ಯಾನ್’ ಕಂಡ ಮುಂಬೈ: ಸದ್ದಿಲ್ಲದ ಆಟದ ಆರು ತಪ್ಪು ಕಲ್ಪನೆಗಳು

ವಿಡಿಯೊ ಗೇಮ್‌ಗಳಲ್ಲಿ ನಮ್ಮ ಊರುಗಳು ಕಾಣಿಸಿಕೊಳ್ಳುವುದೇ ಅಪರೂಪ. 2018ರ ನವೆಂಬರ್‌ನಲ್ಲಿ ಬಿಡುಗಡೆಯಾದ ‘ಹಿಟ್‌ಮ್ಯಾನ್ 2’ ಆ ಮಟ್ಟಿಗೆ ಭಿನ್ನ. ಅದರ ಒಂದು ಇಡೀ ಲೆವೆಲ್ ನಡೆಯುವುದು ಮುಂಬೈಯಲ್ಲಿ. ಬೋಳು ತಲೆ, ಕಪ್ಪು ಸೂಟು, ಕೆಂಪು ಟೈಯ ಬಾಡಿಗೆ ಹಂತಕ ಏಜೆಂಟ್ 47 ಈ ಸರಣಿಯ ನಾಯಕ. ಕೋಪನ್‌ಹೇಗನ್‌ನ ಐಒ ಇಂಟರಾಕ್ಟಿವ್ ಕಂಪನಿ 2000ದಲ್ಲಿ ಅವನನ್ನು ಮೊದಲ ಸಲ ತೆರೆಗೆ ತಂದಿತು. ‘ಚೇಸಿಂಗ್ ಎ ಘೋಸ್ಟ್’ ಎಂಬ ಮುಂಬೈ ಮಿಷನ್ನಿನಲ್ಲಿ ಅವನಿಗೆ ಮೂರು ಟಾರ್ಗೆಟ್‌ಗಳು: ಸಿನಿಮಾ ನಿರ್ಮಾಪಕ ದಾವೂದ್ ರಂಗನ್, ಕೊಳೆಗೇರಿಯ ರಾಣಿಯಂತೆ ಮೆರೆಯುವ ವಾನ್ಯಾ ಶಾ, ಮೇಲ್‌ಸ್ಟ್ರಾಮ್ ಎಂಬ ಅಡ್ಡಹೆಸರಿನ ವಜೀರ್ ಕಾಳೆ. ಮುಂಬೈಯದೇ ದಹಿಸರ್‌ನ ಹುಡುಗನೊಬ್ಬ ಈ ಲೆವೆಲ್ ಆಡಲು ಕುಳಿತರೆ ಊರಿನ ಹೆಸರು ಅವನಿಗೆ ಆಪ್ತವಾಗಬಹುದು. ಆದರೆ ಬಂದೂಕಿನ ಆಟಗಳ ಅಭ್ಯಾಸವನ್ನೇ ಹೊತ್ತು ತಂದರೆ ಸ್ವಲ್ಪ ಹೊತ್ತಿಗೇ ಕಾವಲುಗಾರರ ಗುಂಡಿಗೆ ಬಲಿಯಾಗುತ್ತಾನೆ. ಶತ್ರುವಿನ ಕಣ್ತಪ್ಪಿಸಿ ಆಡುವ ಸ್ಟೆಲ್ತ್ ಆಟಗಳು ಕಷ್ಟ ಎಂಬ ದೂರು ಹುಟ್ಟುವುದು ಇಂಥಲ್ಲಿ. ಆ ಕಷ್ಟದ ಬಹುಪಾಲು ನಾವು ಆಟದ ಬಗ್ಗೆ ಮೊದಲೇ ನಂಬಿಕೊಂಡ ತಪ್ಪುಗಳಿಂದ ಬಂದದ್ದು ಎನ್ನುವುದು ಈ ಬರಹದ ವಾದ. ಈ ಆಟ ಪರೀಕ್ಷಿಸುವುದು ಬೆರಳುಗಳ ವೇಗವನ್ನಲ್ಲ, ಜನರನ್ನು ಗಮನಿಸುವ ತಾಳ್ಮೆಯನ್ನು.

ತಪ್ಪು ಕಲ್ಪನೆ 1: ಕತ್ತಲಲ್ಲಿ ಅಡಗಿ ಕೂರುವುದೇ ಸ್ಟೆಲ್ತ್

ಈ ನಂಬಿಕೆಗೆ ಕಾರಣವಿದೆ. 1987ರ ‘ಮೆಟಲ್ ಗೇರ್’ ಆಟವನ್ನು ಹಿಡಿಯೊ ಕೊಜಿಮಾ ರೂಪಿಸಿದ್ದು ಎಂಎಸ್‌ಎಕ್ಸ್2 ಎಂಬ ಕಂಪ್ಯೂಟರ್‌ಗಾಗಿ. ಪರದೆಯ ಮೇಲೆ ಹೆಚ್ಚು ಶತ್ರುಗಳನ್ನೂ ಗುಂಡುಗಳನ್ನೂ ಒಟ್ಟಿಗೆ ತೋರಿಸುವ ಶಕ್ತಿ ಆ ಯಂತ್ರಕ್ಕೆ ಇರಲಿಲ್ಲ. ಹಾಗಾಗಿ ಕಾದಾಡುವ ಬದಲು ಕಣ್ತಪ್ಪಿಸುವುದೇ ಆಟವಾಯಿತು. 1998ರ ‘ಥೀಫ್’ ಬೆಳಕು ಮತ್ತು ಸದ್ದನ್ನು ಆಟದ ಕೇಂದ್ರಕ್ಕೆ ತಂದಿತು: ನೆರಳಲ್ಲಿ ನಿಂತರೆ ಕಾಣುವುದಿಲ್ಲ, ಲೋಹದ ನೆಲದ ಮೇಲೆ ನಡೆದರೆ ಹೆಜ್ಜೆ ಕೇಳುತ್ತದೆ. ಇವುಗಳನ್ನು ಆಡಿದವರಿಗೆ ಸ್ಟೆಲ್ತ್ ಎಂದರೆ ಮರೆ ಎಂದೇ ಅನಿಸುವುದು ಸಹಜ. ಆದರೆ ಇನ್ನೊಂದು ಪರಂಪರೆ ಅದಕ್ಕಿಂತ ಹಳೆಯದು. 1981ರಲ್ಲಿ ಆಪಲ್ 2 ಕಂಪ್ಯೂಟರ್‌ಗೆ ಬಂದ ‘ಕ್ಯಾಸಲ್ ವುಲ್ಫೆನ್‌ಸ್ಟೈನ್’ನಲ್ಲಿ ಆಟಗಾರ ಶತ್ರುವಿನ ಸಮವಸ್ತ್ರ ತೊಟ್ಟು ಸಾಮಾನ್ಯ ಕಾವಲುಗಾರರ ಎದುರೇ ನಡೆದುಹೋಗಬಹುದಿತ್ತು. ‘ಹಿಟ್‌ಮ್ಯಾನ್’ ಈ ಎರಡನೇ ಪರಂಪರೆಗೆ ಸೇರಿದ್ದು. ಇಲ್ಲಿ ಬೀದಿ, ಅಂಗಡಿಯಂಥ ಸಾರ್ವಜನಿಕ ಜಾಗದಲ್ಲಿ 47 ತನ್ನ ಸೂಟಿನಲ್ಲೇ ರಾಜಾರೋಷವಾಗಿ ಓಡಾಡಬಹುದು. ಅವನು ಎಲ್ಲಿದ್ದಾನೆ, ಏನು ತೊಟ್ಟಿದ್ದಾನೆ, ಏನು ಮಾಡುತ್ತಿದ್ದಾನೆ ಎಂಬ ಮೂರು ಒಂದಕ್ಕೊಂದು ಹೊಂದಿಕೊಳ್ಳದಿದ್ದಾಗ ಮಾತ್ರ ಅನುಮಾನ ಹುಟ್ಟುತ್ತದೆ. ಜನಜಂಗುಳಿಯೊಳಗೆ ನಿಂತು ಮರೆಯಾಗುವ ಅನುಕೂಲ 2018ರ ಆಟದಲ್ಲೇ ಸೇರಿತು. ಮುಂಬೈಯಂಥ ಕಿಕ್ಕಿರಿದ ಲೆವೆಲ್‌ನಲ್ಲಿ ಅದರ ಬೆಲೆ ಗೊತ್ತಾಗುತ್ತದೆ. ಆದ್ದರಿಂದ ಹೊಸಬರು ಮೊದಲು ಕಲಿಯಬೇಕಾದದ್ದು ಯಾವ ಬಾಗಿಲಿನವರೆಗೆ ಎಲ್ಲರಿಗೂ ಪ್ರವೇಶ, ಯಾವ ಬಾಗಿಲಿನಾಚೆ ಅತಿಕ್ರಮಣ ಎಂಬ ಗಡಿಯನ್ನು. ಗಡಿಯೊಳಗೆ ನಡೆದಾಡಲು ಅಡಗುವ ಅಗತ್ಯವೇ ಇಲ್ಲ.

ತಪ್ಪು ಕಲ್ಪನೆ 2: ವೇಷ ಬದಲಿಸಿದರೆ ಯಾರೂ ಹಿಡಿಯಲಾರರು

ಮೊದಲ ತಪ್ಪನ್ನು ತಿದ್ದಿಕೊಂಡವರು ಬೀಳುವ ಹಳ್ಳ ಇದು. ದಹಿಸರ್‌ನ ಯಾವುದೇ ಹೌಸಿಂಗ್ ಸೊಸೈಟಿಯ ಗೇಟನ್ನು ನೆನೆಯಿರಿ. ಗ್ಯಾಸ್ ಏಜೆನ್ಸಿಯ ಅಂಗಿ ತೊಟ್ಟು ಸಿಲಿಂಡರ್ ಹೊತ್ತವನನ್ನು ವಾಚ್‌ಮನ್ ಹೆಚ್ಚು ಪ್ರಶ್ನಿಸಲಾರ. ಆದರೆ ಅದೇ ಏಜೆನ್ಸಿಯ ಇನ್ನೊಬ್ಬ ಕೆಲಸಗಾರ ಎದುರಾದರೆ ‘ಇವನು ನಮ್ಮವನಲ್ಲವಲ್ಲ’ ಎಂದು ತಕ್ಷಣ ಗುರುತಿಸುತ್ತಾನೆ. ಆಟದ ತರ್ಕವೂ ಇದೇ. ಪ್ರತಿಯೊಂದು ವೇಷಕ್ಕೂ ಅದನ್ನು ಅನುಮಾನಿಸಬಲ್ಲ ಕೆಲವರು ಇರುತ್ತಾರೆ. ಆಟದಲ್ಲಿ ಇವರಿಗೆ ಎನ್‌ಫೋರ್ಸರ್ ಎಂದು ಹೆಸರು, ತಲೆಯ ಮೇಲಿನ ಬಿಳಿ ಚುಕ್ಕೆಯೇ ಗುರುತು. ಈ ಸಮತೋಲ ಒಂದೇ ಏಟಿಗೆ ಸಿಕ್ಕಿದ್ದಲ್ಲ. 2012ರ ‘ಹಿಟ್‌ಮ್ಯಾನ್: ಅಬ್ಸೊಲ್ಯೂಷನ್’ನಲ್ಲಿ ಒಂದೇ ಬಗೆಯ ಬಟ್ಟೆ ತೊಟ್ಟ ಎಲ್ಲರಿಗೂ ನಮ್ಮ ಮೇಲೆ ಅನುಮಾನ ಬರುತ್ತಿತ್ತು. ವೇಷ ಹಾಕಿ ಪ್ರಯೋಜನವೇ ಇಲ್ಲದಂತಾಗಿದೆ ಎಂದು ಆಟಗಾರರು ಬೇಸರಪಟ್ಟರು. 2016ರ ‘ಹಿಟ್‌ಮ್ಯಾನ್’ ಆಟದಲ್ಲಿ ಹೀಗೆ ಅನುಮಾನಿಸುವ ಶಕ್ತಿ ಆಯ್ದ ಕೆಲವರಿಗಷ್ಟೇ ಉಳಿಯಿತು. ಇದರಿಂದ ಸಿಗುವ ಪಾಠ ಎರಡು. ವೇಷ ತೊಡುವ ಮುನ್ನವೇ, ಹೋಗಬೇಕಾದ ದಾರಿಯಲ್ಲಿ ಅದನ್ನು ಗುರುತಿಸುವವರು ಎಷ್ಟು ಮಂದಿ ಎಂದು ನೋಡಬೇಕು. ಎರಡನೆಯದು, ನಮ್ಮ ಕರಾವಳಿಯವರಿಗೆ ಹೇಳಬೇಕಿಲ್ಲ, ವೇಷ ಕಟ್ಟಿದ ಮೇಲೆ ಕುಣಿಯಲೇಬೇಕು: ಕೆಲಸಗಾರನ ಬಟ್ಟೆಯಲ್ಲಿದ್ದಾಗ ನಿಗದಿತ ಜಾಗಗಳಲ್ಲಿ ಆ ಕೆಲಸ ಮಾಡುತ್ತಾ ನಿಂತರೆ ಎನ್‌ಫೋರ್ಸರ್‌ನ ಕಣ್ಣೂ ಜಾರಿಹೋಗುತ್ತದೆ. ಬಟ್ಟೆ ಕಳೆದುಕೊಂಡು ಬಿದ್ದವನನ್ನು ಪೆಟ್ಟಿಗೆಯಲ್ಲೋ ಕಪಾಟಿನಲ್ಲೋ ಮುಚ್ಚಿಡದೆ ಹೋದರೆ, ಅವನು ಪತ್ತೆಯಾದ ಗಳಿಗೆಯಿಂದ ಆ ವೇಷವೇ ನಮ್ಮನ್ನು ಹಿಡಿದುಕೊಡುತ್ತದೆ.

ತಪ್ಪು ಕಲ್ಪನೆ 3: ಮುಂಬೈಯವರಿಗೆ ಮುಂಬೈ ಲೆವೆಲ್ ಸುಲಭ

ಆಟದ ಮುಂಬೈ ನಿಜವಾದ ಮುಂಬೈಯ ನಕ್ಷೆಯಲ್ಲ. ರಂಗನ್‌ನ ಅರೆಬರೆ ಕಟ್ಟಿದ ಗೋಪುರ, ಅದರ ಬುಡದ ಕೊಳೆಗೇರಿ, ಬಟ್ಟೆ ಒಗೆಯುವ ಜಾಗ, ರೈಲು ಯಾರ್ಡ್ ಎಲ್ಲವನ್ನೂ ಕೆಲವೇ ನಿಮಿಷ ನಡೆದು ದಾಟುವಷ್ಟು ಜಾಗಕ್ಕೆ ತುರುಕಿ ಹೆಣೆದ ಕಲ್ಪನೆ ಅದು. ಗೋಪುರ ಮತ್ತು ಗುಡಿಸಲು ಮುಖಾಮುಖಿಯಾಗುವ ದೃಶ್ಯ ದಹಿಸರ್‌ಗೆ ಹೊಸದಲ್ಲ. ನ್ಯೂ ಲಿಂಕ್ ರಸ್ತೆಯ ಗಣಪತ್ ಪಾಟೀಲ್ ನಗರದ ಪಕ್ಕ ಹಾದುಹೋಗುವವರು ಅದನ್ನು ದಿನವೂ ನೋಡುತ್ತಾರೆ. ಹಾಗಿದ್ದರೂ ಈ ಪರಿಚಯ ಲೆವೆಲ್‌ನಲ್ಲಿ ನೆರವಿಗೆ ಬರುವುದಿಲ್ಲ. ಅಲ್ಲಿನ ಗಲ್ಲಿಗಳನ್ನು ಹಾಕಿರುವುದು ಯಾವ ಗುಂಪಿನವನು ಎಲ್ಲಿ ನಿಲ್ಲಬಹುದು, ಯಾವ ವೇಷಕ್ಕೆ ಯಾವ ಬಾಗಿಲು ತೆರೆಯುತ್ತದೆ ಎಂಬ ಆಟದ ಲೆಕ್ಕದ ಮೇಲೆ. ಗರ್ದಿಯಲ್ಲಿ ಲೋಕಲ್ ಹತ್ತಿಳಿದ ಮುಂಬೈಕರನಿಗೆ ಜನರ ಚಲನೆ ಓದುವ ಅಭ್ಯಾಸ ಇರುವುದಿಲ್ಲವೇ ಎಂದು ಯಾರಾದರೂ ಕೇಳಬಹುದು. ಇರಬಹುದು, ಆದರೆ ಅದು ಗಮನದ ಗುಣ. ಅದೇ ಗುಣ ಇರುವ ಬೇರೆ ಊರಿನವನಿಗೂ ಅಷ್ಟೇ ಲಾಭ. ಈ ಲೆವೆಲ್‌ನ ಸ್ವಂತ ಬುದ್ಧಿವಂತಿಕೆ ಇರುವುದು ಬೇರೆ ಕಡೆ. ವಜೀರ್ ಕಾಳೆಯ ಮುಖ ಆರಂಭದಲ್ಲಿ ಆಟಗಾರನಿಗೆ ಗೊತ್ತಿರುವುದಿಲ್ಲ. ಸುಳಿವು ಹುಡುಕಿ, ಮಾತು ಕದ್ದು ಕೇಳಿ, ಜನರ ನಡುವಿನಿಂದ ಅವನನ್ನು ಬೇರ್ಪಡಿಸಬೇಕು. ಇನ್ನೊಂದೆಡೆ ಕಾಶ್ಮೀರಿಯನ್ ಎಂಬ ಮತ್ತೊಬ್ಬ ಬಾಡಿಗೆ ಹಂತಕ ಇದೇ ಊರಿನಲ್ಲಿ ಹೊಂಚು ಹಾಕಿದ್ದಾನೆ. ಟಾರ್ಗೆಟ್ ಅವನ ಬಂದೂಕಿನ ನೇರಕ್ಕೆ ಬರುವಂತೆ ಏರ್ಪಾಡು ಮಾಡಿದರೆ 47 ಗುಂಡು ಹಾರಿಸುವ ಅಗತ್ಯವೇ ಇಲ್ಲ. ಎರಡೂ ಕಡೆ ಆಯುಧವಾಗುವುದು ಮಾಹಿತಿ. ಅದು ಊರಿನವರಿಗೆ ಹುಟ್ಟಿನಿಂದ ಬರುವುದಿಲ್ಲ.

ತಪ್ಪು ಕಲ್ಪನೆ 4: ಕೈಚಳಕ, ಗುರಿ ಇದ್ದವರೇ ಗೆಲ್ಲುವುದು

ಇದಕ್ಕೆ ಎದುರಾಗಿ ಮೊದಲು ಹೇಳಬೇಕಾದದ್ದು ಆಟದೊಳಗಿನ ಜನರ ಸ್ವಭಾವವನ್ನು. ಟಾರ್ಗೆಟ್‌ಗಳು ಗೊತ್ತಾದ ದಾರಿಯಲ್ಲಿ ಸುತ್ತುತ್ತಾರೆ. ಒಂದು ಕಡೆ ಮಾತಾಡಿ, ಇನ್ನೊಂದು ಕಡೆ ಕುಡಿದು, ಮತ್ತೊಂದು ಕಡೆ ಒಂಟಿಯಾಗಿ ನಿಂತು, ಮತ್ತೆ ಮೊದಲ ಜಾಗಕ್ಕೆ ಮರಳುತ್ತಾರೆ. ಒಂದು ಸುತ್ತು ಪೂರ್ತಿ ಹಿಂಬಾಲಿಸಿ ನೋಡಿದವನಿಗೆ ಆ ವ್ಯಕ್ತಿ ಎಲ್ಲಿ, ಎಷ್ಟು ಹೊತ್ತು ಕಾವಲಿಲ್ಲದೆ ಇರುತ್ತಾನೆ ಎಂಬುದು ತಿಳಿಯುತ್ತದೆ. ಸುತ್ತನ್ನು ಕದಲಿಸುವ ಉಪಾಯಗಳೂ ಸರಳ: ಒಂದು ನಾಣ್ಯ ಎಸೆದರೆ ಹತ್ತಿರದ ಕಾವಲುಗಾರ ಸದ್ದು ಬಂದ ಕಡೆ ಹೋಗುತ್ತಾನೆ, ಪಾನೀಯಕ್ಕೆ ವಾಂತಿ ಬರಿಸುವ ಮದ್ದು ಬೆರೆಸಿದರೆ ಟಾರ್ಗೆಟ್ ತಾನಾಗಿ ಶೌಚಾಲಯದ ದಾರಿ ಹಿಡಿಯುತ್ತಾನೆ. ಇವುಗಳಿಗೆ ಚುರುಕು ಬೆರಳು ಬೇಡ. ಆತುರಗಾರನಿಗೆ ಬುದ್ಧಿ ಮಟ್ಟ ಎಂಬ ಗಾದೆ ಇಲ್ಲಿ ಅಕ್ಷರಶಃ ನಿಜ. ಇದಕ್ಕೊಂದು ಗಟ್ಟಿ ಆಕ್ಷೇಪ ಉಂಟು: ಇಡೀ ಲೆವೆಲನ್ನು ಕಣ್ಣುಮುಚ್ಚಿ ತೆರೆಯುವಷ್ಟರಲ್ಲಿ ಮುಗಿಸುವ ಸ್ಪೀಡ್‌ರನ್ ಆಟಗಾರರು ಇದ್ದಾರಲ್ಲ, ಅವರದು ವೇಗವಲ್ಲದೆ ಇನ್ನೇನು? ಅವರಿಗೆ ನಿಖರವಾದ ಕೈಯೂ ಬೇಕು, ಒಪ್ಪಬೇಕಾದ ಮಾತು. ಆದರೆ ಆ ಕೈ ಕೆಲಸ ಮಾಡುವುದು ಲೆವೆಲ್‌ನ ಪ್ರತಿ ಬಾಗಿಲು, ಪ್ರತಿ ಕಾವಲುಗಾರನ ತಿರುವು ತಲೆಯಲ್ಲಿ ಕೂತ ಮೇಲೆ. ಹೊಸಬನೊಬ್ಬ ಅದೇ ವೇಗದಲ್ಲಿ ಓಡಿದರೆ ಮೊದಲ ತಿರುವಿನಲ್ಲೇ ಸಿಕ್ಕಿಬೀಳುತ್ತಾನೆ. ಆಟದ ರಚನೆಯೂ ಇದನ್ನೇ ಹೇಳುತ್ತದೆ. ಪ್ರತಿ ಊರಿಗೂ ಮಾಸ್ಟರಿ ಎಂಬ ಮೆಟ್ಟಿಲುಗಳಿವೆ. ಸವಾಲುಗಳನ್ನು ಪೂರೈಸುತ್ತಾ ಹೋದಂತೆ ಹೊಸ ಆರಂಭದ ಜಾಗಗಳು, ಹೊಸ ವೇಷದಲ್ಲಿ ಶುರುಮಾಡುವ ಅವಕಾಶ, ಸಾಮಾನು ಅಡಗಿಸಿಡುವ ತಾಣಗಳು ತೆರೆದುಕೊಳ್ಳುತ್ತವೆ. ಒಂದೇ ಸಲ ಆಡಿ ಎದ್ದುಹೋಗಲು ಮಾಡಿದ ಆಟವಾಗಿದ್ದರೆ ಈ ಏರ್ಪಾಡೇ ಬೇಕಿರಲಿಲ್ಲ.

ತಪ್ಪು ಕಲ್ಪನೆ 5: ಸಿಕ್ಕಿಬಿದ್ದರೆ ಮುಗಿಯಿತು, ಸೇವ್ ಮಾಡುವುದು ಮೋಸ

ಅನುಮಾನಕ್ಕೂ ಬೇಟೆಗೂ ನಡುವೆ ಆಟ ಹಲವು ಹಂತಗಳನ್ನು ಇಟ್ಟಿದೆ. ಮೊದಲು ಒಬ್ಬರ ಕಣ್ಣಲ್ಲಿ ನಮ್ಮ ಮೇಲಿನ ಅನುಮಾನ ತುಂಬಿಕೊಳ್ಳುತ್ತದೆ. ಆಗಲೇ ಸರಿದುಹೋದರೆ ಏನೂ ಆಗುವುದಿಲ್ಲ. ವೇಷ ಬಯಲಾದರೆ ಯಾರೂ ಕಾಣದಲ್ಲಿ ಬೇರೆ ಬಟ್ಟೆ ತೊಟ್ಟರೆ ಮತ್ತೆ ದಾರಿ ಸುಗಮ. ಗುಂಡಿನ ಚಕಮಕಿ ಕೊನೆಯ ಹಂತ ಮಾತ್ರ. ಕ್ಯಾಮೆರಾದಲ್ಲಿ ಸೆರೆಯಾದರೂ ಭದ್ರತಾ ಕೋಣೆಯ ರೆಕಾರ್ಡರ್ ನಾಶ ಮಾಡಿ ಸಾಕ್ಷ್ಯ ಅಳಿಸಬಹುದು. ಹಾಗಾಗಿ ಸಿಕ್ಕಿಬಿದ್ದ ಕೂಡಲೇ ಮಿಷನ್ ಮತ್ತೆ ಶುರುಮಾಡುವವರು ಒಂದು ದೊಡ್ಡ ಪಾಠವನ್ನು ಕೈಬಿಡುತ್ತಾರೆ. ಯಾವ ತಪ್ಪಿನಿಂದ ಪಾರಾಗಬಹುದು, ಯಾವುದರಿಂದ ಆಗದು ಎಂಬುದು ತಪ್ಪಿನ ನಂತರವೂ ಆಡಿದವರಿಗಷ್ಟೇ ಗೊತ್ತಾಗುವುದು. ಸೇವ್ ಮಾಡುವುದೂ ಹೇಡಿತನವಲ್ಲ. ‘ಹಿಟ್‌ಮ್ಯಾನ್ 2’ರ ಪ್ರೊಫೆಷನಲ್ ಎಂಬ ಕಠಿಣತೆಯ ಹಂತದಲ್ಲಿ ಬೇಕಾದಷ್ಟು ಸೇವ್ ಇಟ್ಟು, ಮಾಸ್ಟರ್ ಹಂತದಲ್ಲಿ ಒಂದಕ್ಕೆ ಇಳಿಸಿದವರು ಆಟ ಮಾಡಿದವರೇ. ಪ್ರಯೋಗ ಮೊದಲು, ಪರೀಕ್ಷೆ ಆಮೇಲೆ ಎಂಬ ಕ್ರಮ ಅವರದು. ಒಂದೇ ಅವಕಾಶ ಸಿಗುವ ಎಲ್ಯೂಸಿವ್ ಟಾರ್ಗೆಟ್‌ಗಳಿಗೆ ಕೈಹಾಕುವ ಮುನ್ನ ಧಾರಾಳವಾಗಿ ಸೇವ್ ಮಾಡಿ ಲೆವೆಲ್ ಕಲಿಯುವುದೇ ಜಾಣತನ.

ತಪ್ಪು ಕಲ್ಪನೆ 6: ಹೆಚ್ಚು ಕೊಂದಷ್ಟು ಹೆಚ್ಚು ಅಂಕ

ಆಟದ ಹೆಸರು ಕೇಳಿದ ಹೆತ್ತವರ ಅನುಮಾನವೂ, ಹೊಸ ಆಟಗಾರನ ನಿರೀಕ್ಷೆಯೂ ಇಲ್ಲಿ ಒಂದೇ. ನಿಜ ಇದಕ್ಕೆ ತದ್ವಿರುದ್ಧ. ಟಾರ್ಗೆಟ್ ಅಲ್ಲದವರನ್ನು ಕೊಂದರೆ ಅಂಕ ಕುಸಿಯುತ್ತದೆ. ಸರಣಿಯ ಅತ್ಯುನ್ನತ ಮನ್ನಣೆಯಾದ ‘ಸೈಲೆಂಟ್ ಅಸಾಸಿನ್’ ಸಿಗಬೇಕಾದರೆ ಟಾರ್ಗೆಟ್ ಬಿಟ್ಟು ಯಾರೂ ಸಾಯಬಾರದು, ಯಾರೂ ನಮ್ಮನ್ನು ಪತ್ತೆಹಚ್ಚಬಾರದು, ಕ್ಯಾಮೆರಾ ಸಾಕ್ಷ್ಯ ಉಳಿಯಬಾರದು. ಅಪಘಾತದಂತೆ ಕಾಣುವ ಸಾವಾದರೆ ಟಾರ್ಗೆಟ್‌ನ ದೇಹ ಸಿಕ್ಕರೂ ಮನ್ನಣೆಗೆ ಕುಂದಿಲ್ಲ. ಅದಕ್ಕೇ ಅನುಭವಿಗಳು ಗ್ಯಾಸ್ ಸೋರಿಕೆ, ತೂಗುದೀಪಗಳನ್ನು ಬಂದೂಕಿಗಿಂತ ಮೊದಲು ಹುಡುಕುತ್ತಾರೆ. 2006ರ ‘ಬ್ಲಡ್ ಮನಿ’ಯಲ್ಲೂ ಗದ್ದಲ ಎಬ್ಬಿಸಿದವನ ಕುಖ್ಯಾತಿ ಮುಂದಿನ ಮಿಷನ್ನಿಗೂ ಬೆನ್ನು ಹತ್ತುತ್ತಿತ್ತು. ಆದರೆ ಇದನ್ನೇ ಹಿಡಿದು ಇದು ಅಹಿಂಸೆಯ ಆಟ ಎಂದು ವಾದಿಸುವುದೂ ತಪ್ಪು. ಕಥೆಯ ನಡುವಿರುವುದು ಕೊಲೆಯೇ. ಯುರೋಪಿನ ಪೆಗಿ ಸಂಸ್ಥೆ ಇದಕ್ಕೆ 18 ವರ್ಷದ ಮಿತಿ ಕೊಟ್ಟಿದೆ. ನಿಯಮಗಳು ಸಂಯಮ ಕಲಿಸುತ್ತವೆ ಎಂಬುದು ಚಿಕ್ಕ ಮಕ್ಕಳ ಕೈಗೆ ಆಟ ಕೊಡಲು ಕಾರಣವಾಗದು.

ಉಳಿದದ್ದು ಒಂದೇ ಆಕ್ಷೇಪ. ಎಲ್ಲವೂ ಮಾಹಿತಿಯ ಮೇಲೆ ನಿಂತಿದ್ದರೆ, ಯೂಟ್ಯೂಬ್‌ನಲ್ಲಿ ಯಾರೋ ಆಡಿ ತೋರಿಸಿದ ದಾರಿ ನೋಡಿಕೊಂಡು ಆಡಿದರೆ ಸಾಲದೆ? ಒಂದು ಮಿಷನ್ ಮುಗಿಸಲು ಸಾಕು. ಆಟದೊಳಗಿನ ಮಿಷನ್ ಸ್ಟೋರಿಗಳೂ ಹಾಗೆಯೇ ಕೈಹಿಡಿದು ಟಾರ್ಗೆಟ್‌ನ ಹತ್ತಿರ ತಂದುಬಿಡುತ್ತವೆ. ಆ ಮಾರ್ಗದರ್ಶನವನ್ನು ಕಡಿಮೆ ಮಾಡುವ, ಪೂರ್ತಿ ನಿಲ್ಲಿಸುವ ಆಯ್ಕೆಯೂ ಇದೆ. ಆದರೆ ಎರವಲು ದಾರಿಯ ಮಿತಿಯನ್ನು 2023ರ ಜನವರಿಯಲ್ಲಿ ಸರಣಿಗೆ ಸೇರಿದ ಫ್ರೀಲ್ಯಾನ್ಸರ್ ವಿಭಾಗ ಬಯಲು ಮಾಡಿತು. ಅಲ್ಲಿ ಊರುಗಳು ಹಳೆಯವು, ಟಾರ್ಗೆಟ್‌ಗಳು ಪ್ರತಿ ಸಲ ಬೇರೆ, ಮಿಷನ್ ನಡುವೆ ಸೇವ್ ಇಲ್ಲ. ಬಾಯಿಪಾಠ ಮಾಡಿದ ದಾರಿ ಅಲ್ಲಿ ಕೆಲಸಕ್ಕೆ ಬಾರದು. ಕಾವಲುಗಾರ ಹೇಗೆ ಯೋಚಿಸುತ್ತಾನೆ ಎಂದು ಅರಿತವನು ಮಾತ್ರ ನಿಭಾಯಿಸಬಲ್ಲ. ಆದ್ದರಿಂದ ಮುಂಬೈ ಲೆವೆಲ್‌ಗೆ ಹೊಸದಾಗಿ ಕಾಲಿಡುವವರು ಮೊದಲ ಸಲ ಯಾರನ್ನೂ ಕೊಲ್ಲುವ ಗುರಿ ಇಟ್ಟುಕೊಳ್ಳದಿರುವುದು ಮೇಲು. ಮಾರ್ಗದರ್ಶನ ಕಡಿಮೆ ಮಾಡಿ ಬೀದಿ ಸುತ್ತಬೇಕು, ನಿಂತು ಮಾತು ಕೇಳಬೇಕು, ಒಬ್ಬ ಟಾರ್ಗೆಟ್‌ನ ಒಂದು ಸುತ್ತನ್ನು ಕೊನೆಯವರೆಗೆ ಹಿಂಬಾಲಿಸಬೇಕು. ಎರಡನೇ ಸಲ ಒಂದೇ ಒಂದು ವೇಷ ತೊಟ್ಟು ಅದು ಎಲ್ಲೆಲ್ಲಿ ನಡೆಯುತ್ತದೆ ಎಂದು ಪರೀಕ್ಷಿಸಬೇಕು. ಆಮೇಲೆ ಮಾಡುವ ಯೋಜನೆ ಕೆಟ್ಟರೂ ಏಕೆ ಕೆಟ್ಟಿತು ಎಂಬುದು ಆಟಗಾರನಿಗೆ ಗೊತ್ತಿರುತ್ತದೆ. ಆಟ ಕೈವಶವಾಗುತ್ತಿದೆ ಎನ್ನಲು ಅದಕ್ಕಿಂತ ನಂಬಬಹುದಾದ ಗುರುತು ಇನ್ನೊಂದಿಲ್ಲ.