ಕರೆಂಟಿಗೆ ಕಡಿವಾಣ

ಮೋಟಾರು, ಸೋಲಾರ್, ರೈಲು, ಎಐ ಸರ್ವರ್ ಎಲ್ಲದರ ಒಳಗೂ ವಿದ್ಯುತ್ತನ್ನು ಪಳಗಿಸುವ ಒಂದು ಚಿಪ್ಪಿದೆ. ಜಗತ್ತಿನ ಮಾರುಕಟ್ಟೆಯಲ್ಲಿ ಅದು ಉಬ್ಬಿತು, ಮುಗ್ಗರಿಸಿತು, ಈಗ ಹೊಸ ದಾರಿ ಹಿಡಿದಿದೆ. ಈ ಕಥೆಯಲ್ಲಿ ಕನ್ನಡ ನಾಡಿನ ಪಾಲೆಷ್ಟು?

ಭತ್ತದ ಕೊಯ್ಲು ಮುಗಿದು ಗಿರಣಿಗಳು ಹಗಲು ರಾತ್ರಿ ಓಡುವ ದಿನಗಳಲ್ಲಿ ಸಿರುಗುಪ್ಪ ಸೀಮೆಯ ಗಿರಣಿ ಮಾಲೀಕರು ಕೇಳಲು ಇಷ್ಟಪಡದ ಮಾತೊಂದಿದೆ: ‘ಅಣ್ಣಾ, ಡ್ರೈವ್ ಹೋಗೈತಿ.’ ಮೋಟಾರ್ ಸುಟ್ಟರೆ ರಿವೈಂಡಿಂಗ್ ಅಂಗಡಿಗೆ ಕಳಿಸಿ ಎರಡು ದಿನದಲ್ಲಿ ತರಿಸಬಹುದು. ಡ್ರೈವ್ ಹೋದರೆ ಬಳ್ಳಾರಿಗೋ ಹುಬ್ಬಳ್ಳಿಗೋ ಬೆಂಗಳೂರಿಗೋ ಫೋನು ಹೋಗಬೇಕು. ಸಕ್ಕರೆ ಕಾರ್ಖಾನೆಯ ಕಾರಣಕ್ಕೆ ಸುತ್ತಲಿನವರಿಗೆಲ್ಲ ಗೊತ್ತಿರುವ ದೇಶನೂರು, ಅತ್ತ ಸಿರುಗುಪ್ಪ, ಇತ್ತ ಕುರುಗೋಡು ಸೇರಿ ಇದು ತುಂಗಭದ್ರೆಯ ನೀರುಂಡ ಭತ್ತದ ನಾಡು. ಸೆಮಿಕಂಡಕ್ಟರ್ ಎಂಬ ಪದ ಇಲ್ಲಿ ಟಿವಿ ಸುದ್ದಿಯಲ್ಲಿ ಮಾತ್ರ ಕೇಳುವಂಥದ್ದು ಅನ್ನಿಸಬಹುದು. ಆದರೆ ಮೋಟಾರಿನ ವೇಗ ಹಿಡಿತದಲ್ಲಿಡಲು ಗೋಡೆಗೆ ಬಿಗಿದ, ಡ್ರೈವ್ ಎಂಬ ಆ ಪೆಟ್ಟಿಗೆಯ ಮುಚ್ಚಳ ಬಿಚ್ಚಿ ನೋಡಿ.

ಮೊದಲು ಕಾಣುವುದು ತೌಡಿನ ಧೂಳು. ಫ್ಯಾನಿನ ರೆಕ್ಕೆಗೆ ಮೆತ್ತಿಕೊಂಡು, ಹೀಟ್ ಸಿಂಕಿನ ಅಲ್ಯೂಮಿನಿಯಂ ಹಲ್ಲುಗಳ ಸಂದಿಗೆಲ್ಲ ತುಂಬಿಕೊಂಡು ಕೂತಿರುತ್ತದೆ. ಪಕ್ಕದಲ್ಲಿ ದಪ್ಪ ಕೆಪಾಸಿಟರ್‌ಗಳು. ಬಿಸಿಗೆ ಬಳಲಿದ್ದರೆ ಅವುಗಳ ನೆತ್ತಿ ಉಬ್ಬಿರುತ್ತದೆ. ಬೋರ್ಡನ್ನು ಎತ್ತಿದರೆ ಕೆಳಗೆ, ಬಿಳಿ ಪೇಸ್ಟ್ ಹಚ್ಚಿ ಹೀಟ್ ಸಿಂಕಿಗೆ ಒತ್ತಿ ಕೂರಿಸಿದ ಕಪ್ಪು ಮಾಡ್ಯೂಲ್. ಅದರೊಳಗೆ ಉಗುರಿನಷ್ಟಗಲದ ಸಿಲಿಕಾನ್ ತುಂಡುಗಳು. ಗ್ರಿಡ್‌ನಿಂದ ಬಂದ ಎಸಿ ಕರೆಂಟನ್ನು ಡಿಸಿಗೆ ತಿರುಗಿಸಿದ ಮೇಲೆ, ಅದನ್ನು ಸೆಕೆಂಡಿಗೆ ಸಾವಿರಾರು ಸಲ ಕತ್ತರಿಸಿ ಮೋಟಾರಿಗೆ ಬೇಕಾದ ವೇಗಕ್ಕೆ ತಕ್ಕಂತೆ ಮರಳಿ ಹೆಣೆಯುವುದು ಈ ತುಂಡುಗಳ ಕೆಲಸ. ಮೂರು ಫೇಸಿಗೆ ಎರಡೆರಡರಂತೆ ಆರು ಸ್ವಿಚ್ಚು. ಹೆಸರು ಐಜಿಬಿಟಿ.

ಫೋನಿನ ಚಿಪ್ಪು ಲೆಕ್ಕ ಮಾಡುತ್ತದೆ. ಇದು ಭಾರ ಹೊರುತ್ತದೆ. ನೂರಾರು ವೋಲ್ಟ್, ನೂರಾರು ಆಂಪಿಯರ್ ತಡೆದುಕೊಂಡು ಆನ್ ಆಗಬೇಕು, ಆಫ್ ಆಗಬೇಕು, ಎರಡರ ನಡುವೆ ಆದಷ್ಟು ಕಡಿಮೆ ಬಿಸಿಯಾಗಬೇಕು. ಮೂರು ನ್ಯಾನೊಮೀಟರ್, ಎರಡು ನ್ಯಾನೊಮೀಟರ್ ಎಂದು ಕಿರಿದಾಗಿಸುವ ಪೈಪೋಟಿ ಇಲ್ಲಿಲ್ಲ. 2024ರಲ್ಲಿ ಜಗತ್ತಿನ ಸೆಮಿಕಂಡಕ್ಟರ್ ವಹಿವಾಟು 62,000 ಕೋಟಿ ಡಾಲರ್ ದಾಟಿತು. ಅದರಲ್ಲಿ ಈ ಪವರ್ ಬಿಡಿಭಾಗಗಳ ಪಾಲು ಹತ್ತರಲ್ಲೊಂದಕ್ಕಿಂತ ಕಡಿಮೆ. ಆದರೂ ಇದಿಲ್ಲದೆ ತೋರಣಗಲ್ಲಿನ ರೋಲಿಂಗ್ ಮಿಲ್ ತಿರುಗದು, ಅದಿರು ಹೊತ್ತ ಗೂಡ್ಸ್ ರೈಲು ಕದಲದು, ಪಾವಗಡದ 2,050 ಮೆಗಾವಾಟ್ ಸೋಲಾರ್ ಪಾರ್ಕಿನ ಬಿಸಿಲು ಗ್ರಿಡ್ ಸೇರದು.

ಜಾಲಹಳ್ಳಿಯ ಹುಡುಗ

ಐಜಿಬಿಟಿಯ ಹಿಂದಿರುವ ಹೆಸರು ಬಂಟ್ವಾಳ ಜಯಂತ ಬಾಳಿಗ. ಹುಟ್ಟಿದ್ದು 1948ರಲ್ಲಿ ಮದ್ರಾಸಿನಲ್ಲಿ, ಬೆಳೆದದ್ದು ಬೆಂಗಳೂರಿನ ಜಾಲಹಳ್ಳಿಯಲ್ಲಿ. ತಂದೆ ಅಲ್ಲಿನ ಭಾರತ್ ಎಲೆಕ್ಟ್ರಾನಿಕ್ಸ್‌ನಲ್ಲಿ (ಬಿಇಎಲ್) ಉನ್ನತ ಹುದ್ದೆಯಲ್ಲಿದ್ದರು. ಬಿಷಪ್ ಕಾಟನ್ ಶಾಲೆ, 1969ರಲ್ಲಿ ಐಐಟಿ ಮದ್ರಾಸ್‌ನಿಂದ ಪದವಿ, ಅಮೆರಿಕದ ರೆನ್ಸೆಲೇರ್‌ನಲ್ಲಿ ಪಿಎಚ್‌ಡಿ, 1974ರಲ್ಲಿ ಜನರಲ್ ಎಲೆಕ್ಟ್ರಿಕ್ ಕಂಪನಿಯ ಪ್ರಯೋಗಾಲಯ. ಆಗ ತೈಲ ಬಿಕ್ಕಟ್ಟಿನ ಕಾಲ. ಮೋಟಾರಿನ ವೇಗ ಬದಲಿಸಿ ಕರೆಂಟು ಉಳಿಸುವ ಅಗ್ಗದ ಸ್ವಿಚ್ಚು ಕಂಪನಿಗೆ ಬೇಕಿತ್ತು. ವೇಗವಾಗಿ ಸ್ವಿಚ್ ಆಗುವ ಮಾಸ್‌ಫೆಟ್, ಹೆಚ್ಚು ಕರೆಂಟು ಹೊರುವ ಬೈಪೋಲಾರ್, ಈ ಎರಡು ಬಗೆಯ ಟ್ರಾನ್ಸಿಸ್ಟರ್‌ಗಳ ಗುಣವನ್ನೂ ಒಂದೇ ತುಂಡಿನಲ್ಲಿ ಸೇರಿಸುವ ಉಪಾಯವನ್ನು ಬಾಳಿಗ ಮುಂದಿಟ್ಟರು. ಅಧ್ಯಕ್ಷ ಜ್ಯಾಕ್ ವೆಲ್ಶ್ ಒಪ್ಪಿಗೆ ಕೊಟ್ಟರು. ಗಮನಿಸಬೇಕಾದ್ದೆಂದರೆ, ಇದಕ್ಕಾಗಿ ಹೊಸ ಕಾರ್ಖಾನೆ ಕಟ್ಟಲಿಲ್ಲ. ಕಂಪನಿಯಲ್ಲಿ ಆಗಲೇ ಇದ್ದ ಮಾಸ್‌ಫೆಟ್ ಲೈನಿನಲ್ಲೇ ತಯಾರಿಸಿ ತೋರಿಸಿದರು. 2014ರಲ್ಲಿ ಐಇಇಇ ಗೌರವ ಪದಕ, 2024ರಲ್ಲಿ ಫಿನ್ಲೆಂಡಿನ 10 ಲಕ್ಷ ಯೂರೊ ಮೊತ್ತದ ಮಿಲೇನಿಯಂ ಟೆಕ್ನಾಲಜಿ ಪ್ರಶಸ್ತಿ ಅವರಿಗೆ ಬಂದವು. ನಮ್ಮ ಶಾಲೆಯ ಮಕ್ಕಳಿಗೆ ಈ ಹೆಸರು ಯಾಕೆ ಗೊತ್ತಿಲ್ಲವೋ!

ಆ ಕೆಲಸದ ಜೊತೆಜೊತೆಗೆ ಬಾಳಿಗ ಇನ್ನೊಂದು ಲೆಕ್ಕವನ್ನೂ ಬರೆದಿಟ್ಟರು. ಸಿಲಿಕಾನ್ ಬದಲು ಬೇರೆ ವಸ್ತು ಬಳಸಿದರೆ ಸ್ವಿಚ್ಚಿನ ನಷ್ಟ ಎಷ್ಟು ಇಳಿದೀತು ಎಂದು ಅಳೆಯುವ ಸೂತ್ರ ಅದು. ಇಂದಿಗೂ ಅವರ ಹೆಸರಿನಲ್ಲೇ ಬಳಕೆಯಲ್ಲಿದೆ. ಸಿಲಿಕಾನ್ ಕಾರ್ಬೈಡ್ ಮತ್ತು ಗ್ಯಾಲಿಯಂ ನೈಟ್ರೈಡ್ ಸಿಲಿಕಾನಿಗಿಂತ ಸುಮಾರು ಹತ್ತು ಪಟ್ಟು ಬಲವಾದ ವಿದ್ಯುತ್ ಕ್ಷೇತ್ರ ತಡೆಯುತ್ತವೆ. ಅಂದರೆ ಅಷ್ಟೇ ವೋಲ್ಟೇಜಿಗೆ ತೆಳು ಪದರ ಸಾಕು, ನಷ್ಟವೂ ಕಡಿಮೆ. ಇವತ್ತಿನ ಮಾರುಕಟ್ಟೆಯ ಜಗಳವೆಲ್ಲ ಈ ಎರಡು ವಸ್ತುಗಳ ಸುತ್ತಲೇ ನಡೆದಿದೆ.

ಉಬ್ಬರ, ಇಳಿತ

ಟೆಸ್ಲಾ ತನ್ನ ಮಾಡೆಲ್ 3 ಕಾರಿನಲ್ಲಿ ಎಸ್‌ಟಿ ಮೈಕ್ರೊಎಲೆಕ್ಟ್ರಾನಿಕ್ಸ್‌ನ ಸಿಲಿಕಾನ್ ಕಾರ್ಬೈಡ್ ಸ್ವಿಚ್ಚು ಬಳಸಿದ್ದೇ ತಡ, ಹಣ ಹರಿಯತೊಡಗಿತು. ಎಲೆಕ್ಟ್ರಿಕ್ ಕಾರು ಬಂದೇ ಬರುತ್ತದೆ, ಪ್ರತಿ ಕಾರಿಗೂ ಇದು ಬೇಕೇ ಬೇಕು ಎಂಬ ನಂಬಿಕೆ ಅದರ ಹಿಂದಿತ್ತು. 2021ರ ಚಿಪ್ಪಿನ ಬರ ಆ ನಂಬಿಕೆಯನ್ನು ಆತುರವಾಗಿಸಿತು. ಹತ್ತು ಬೇಕಿದ್ದವರು ಇಪ್ಪತ್ತಕ್ಕೆ ಆರ್ಡರ್ ಕೊಟ್ಟರು. ಅಮೆರಿಕದ ವುಲ್ಫ್‌ಸ್ಪೀಡ್ ಕಂಪನಿ ತನ್ನ ಎಲ್‌ಇಡಿ ವ್ಯಾಪಾರವನ್ನೇ ಮಾರಿ ಇದೊಂದಕ್ಕೇ ಕಟ್ಟುಬಿದ್ದು, 2022ರಲ್ಲಿ ನ್ಯೂಯಾರ್ಕ್ ರಾಜ್ಯದಲ್ಲಿ 200 ಮಿ.ಮೀ. ವೇಫರಿನ (ಚಿಪ್ಪು ಮೂಡಿಸುವ ತೆಳು ಬಿಲ್ಲೆಯ) ದೊಡ್ಡ ಕಾರ್ಖಾನೆ ತೆರೆಯಿತು.

ಆಮೇಲೆ ಮೂರು ಪೆಟ್ಟು ಒಟ್ಟಿಗೆ ಬಿದ್ದವು. 2023ರ ಮಾರ್ಚ್‌ನಲ್ಲಿ ಟೆಸ್ಲಾ, ಮುಂದಿನ ಕಾರುಗಳಲ್ಲಿ ಸಿಲಿಕಾನ್ ಕಾರ್ಬೈಡನ್ನು ಶೇ 75ರಷ್ಟು ಕಡಿತಗೊಳಿಸುತ್ತೇವೆ ಎಂದಿತು. ಯುರೋಪ್, ಅಮೆರಿಕಗಳಲ್ಲಿ ಎಲೆಕ್ಟ್ರಿಕ್ ಕಾರಿನ ಬೇಡಿಕೆ ಅಂದುಕೊಂಡಷ್ಟು ಏರಲಿಲ್ಲ. ಚೀನಾದ ಕಂಪನಿಗಳು ವೇಫರನ್ನು ರಾಶಿ ರಾಶಿಯಾಗಿ ಬೆಳೆದು ಬೆಲೆ ಕೆಡವಿದವು. ‘ಬೆಳೆದು’ ಅನ್ನುವುದು ಸುಮ್ಮನಲ್ಲ. ಸಿಲಿಕಾನನ್ನು ಕರಗಿಸಿ ಉದ್ದನೆಯ ದಿಂಡಾಗಿ ಎಳೆಯಬಹುದು. ಸಿಲಿಕಾನ್ ಕಾರ್ಬೈಡನ್ನು ಹಾಗೆ ಕರಗಿಸಲಾಗದು. 2,000 ಡಿಗ್ರಿಗೂ ಮೀರಿದ ಕುಲುಮೆಯಲ್ಲಿ ಆವಿಯಾಗಿಸಿ, ದಿನಗಟ್ಟಲೆ ಕಾದರೆ ಕೆಲವೇ ಸೆಂಟಿಮೀಟರ್ ಹರಳು ಸಿಗುತ್ತದೆ. ಈ ಕೈಚಳಕವೇ ತನ್ನ ಕೋಟೆ ಎಂದು ವುಲ್ಫ್‌ಸ್ಪೀಡ್ ನೆಚ್ಚಿಕೊಂಡಿತ್ತು. ಆ ಕೋಟೆ ಉಳಿಯಲಿಲ್ಲ. ಸುಮಾರು 650 ಕೋಟಿ ಡಾಲರ್ ಸಾಲದೊಂದಿಗೆ 2025ರ ಜೂನ್ 30ರಂದು ಅದು ದಿವಾಳಿ ರಕ್ಷಣೆಗೆ ಅರ್ಜಿ ಹಾಕಿತು. ಸೆಪ್ಟೆಂಬರ್‌ನಲ್ಲಿ ಸಾಲದ ಹೆಚ್ಚಿನ ಪಾಲು ಕಳಚಿಕೊಂಡು ಹೊರಬಂತು. ಪವರ್ ಚಿಪ್ಪಿನ ವ್ಯಾಪಾರದಲ್ಲಿ ಜಗತ್ತಿಗೇ ಮೊದಲಿಗನಾದ ಜರ್ಮನಿಯ ಇನ್ಫಿನಿಯನ್ ಮಾತ್ರ ಒಂದೇ ವಸ್ತುವಿಗೆ ಜೋತುಬೀಳಲಿಲ್ಲ. ಸಿಲಿಕಾನನ್ನು ಬಿಡದೆ, ಮಲೇಷ್ಯಾದ ಕುಲಿಮ್‌ನಲ್ಲಿ ಸಿಲಿಕಾನ್ ಕಾರ್ಬೈಡ್ ಕಾರ್ಖಾನೆ ತೆರೆದು, 2023ರಲ್ಲಿ 83 ಕೋಟಿ ಡಾಲರ್‌ಗೆ ಗ್ಯಾಲಿಯಂ ನೈಟ್ರೈಡಿನ ಗ್ಯಾನ್ ಸಿಸ್ಟಮ್ಸ್ ಕಂಪನಿಯನ್ನೂ ಕೊಂಡಿತು.

ಕಾರು ಕೈಕೊಟ್ಟಲ್ಲಿ ಎಐ ಕೈಹಿಡಿಯುವ ಲಕ್ಷಣವಿದೆ. ಇಲ್ಲಿನ ಲೆಕ್ಕ ಸರಳ. ಒಂದು ಮೆಗಾವಾಟ್ ನುಂಗುವ ಸರ್ವರ್ ರ‍್ಯಾಕಿಗೆ ಈಗಿನಂತೆ 54 ವೋಲ್ಟಿನಲ್ಲಿ ವಿದ್ಯುತ್ ಕೊಟ್ಟರೆ 18,000 ಆಂಪಿಯರ್‌ಗೂ ಹೆಚ್ಚು ಕರೆಂಟು ಹರಿಯಬೇಕು. ತಾಮ್ರದ ಪಟ್ಟಿಗಳಿಗೇ ಜಾಗ ಸಾಲದು. 800 ವೋಲ್ಟಿಗೆ ಏರಿಸಿದರೆ 1,250 ಆಂಪಿಯರ್ ಸಾಕು. 2025ರ ಮೇ ತಿಂಗಳಲ್ಲಿ ಎನ್ವಿಡಿಯಾ ಈ 800 ವೋಲ್ಟ್ ಡಿಸಿ ವ್ಯವಸ್ಥೆಯನ್ನು ಘೋಷಿಸಿ, 2027ರಿಂದ ಬಳಕೆ ಎಂದಿತು. ಗ್ಯಾಲಿಯಂ ನೈಟ್ರೈಡ್, ಸಿಲಿಕಾನ್ ಕಾರ್ಬೈಡ್ ಕಂಪನಿಗಳೆಲ್ಲ ಅತ್ತ ಧಾವಿಸಿವೆ. ಕುರುಗೋಡಿಗೆ ಹತ್ತಿರದ ಕುಡುತಿನಿಯ 1,700 ಮೆಗಾವಾಟ್ ಶಾಖೋತ್ಪನ್ನ ಸ್ಥಾವರ ಪೂರ್ತಿ ಸಾಮರ್ಥ್ಯದಲ್ಲಿ ಓಡಿದರೂ ಇಂಥ 1,700 ರ‍್ಯಾಕ್‌ಗಳಿಗಷ್ಟೇ ಸಾಕಾದೀತು. ಅಲ್ಲಿ ಶೇ 1ರಷ್ಟು ನಷ್ಟ ತಪ್ಪಿಸಿದರೂ 17 ಮೆಗಾವಾಟ್ ಉಳಿಯುತ್ತದೆ ಎಂಬುದನ್ನು ನೆನೆದರೆ ಈ ಧಾವಂತ ಅರ್ಥವಾಗುತ್ತದೆ. ಎಐ ಹುಚ್ಚು ಕಾರಿನ ಹುಚ್ಚಿನಂತೆಯೇ ಇಳಿದರೆ? ಇಳಿಯಬಹುದು. ತೈವಾನಿನ ಟಿಎಸ್‌ಎಂಸಿ 2027ರಲ್ಲಿ ಗ್ಯಾಲಿಯಂ ನೈಟ್ರೈಡ್ ತಯಾರಿಕೆ ನಿಲ್ಲಿಸುತ್ತೇನೆಂದು ಆಗಲೇ ಹೇಳಿದೆ. ಎಲ್ಲರೂ ಓಡುವ ದಿಕ್ಕಿಗೆ ಜಾಣರೂ ಓಡುತ್ತಿದ್ದಾರೆ ಎಂದೇನಿಲ್ಲ.

ಇನ್ನೊಂದು ಚಿಂತೆ ಕಚ್ಚಾವಸ್ತುವಿನದು. ಜಗತ್ತಿನ ಗ್ಯಾಲಿಯಂ ಬಹುಪಾಲು ಚೀನಾದಿಂದ ಬರುತ್ತದೆ. 2023ರ ಆಗಸ್ಟ್‌ನಿಂದ ಅದರ ರಫ್ತಿಗೆ ಪರವಾನಗಿ ಬೇಕು. ಈ ಲೋಹಕ್ಕೆ ಪ್ರತ್ಯೇಕ ಗಣಿಯಿಲ್ಲ; ಬಾಕ್ಸೈಟಿನಿಂದ ಅಲ್ಯೂಮಿನಾ ತೆಗೆಯುವಾಗ ದ್ರಾವಣದಲ್ಲಿ ಉಳಿಯುವ ಚೂರುಪಾರು ಅದು. ಬೆಳಗಾವಿಯಲ್ಲಿ ಹಿಂಡಾಲ್ಕೊದ ಅಲ್ಯೂಮಿನಾ ಘಟಕವಿದೆ. ಅಲ್ಲಿ ಈ ಲೆಕ್ಕ ಹಾಕಿ ನೋಡಬಾರದೇಕೆ ಎಂಬ ಪ್ರಶ್ನೆಯನ್ನು ರಾಜ್ಯದ ಉದ್ಯಮ ನೀತಿ ಬರೆಯುವವರು ಕೇಳಿಕೊಳ್ಳಬೇಕು. ಪೂರೈಕೆ ನಿಂತರೆ ಏನಾದೀತು ಎಂಬುದಕ್ಕೂ ಉದಾಹರಣೆಯಿದೆ: 2025ರ ಅಕ್ಟೋಬರ್‌ನಲ್ಲಿ ನೆದರ್ಲೆಂಡ್ಸ್ ಸರ್ಕಾರ ಮತ್ತು ಚೀನಾ ನಡುವೆ ಚಿಪ್ ತಯಾರಿಸುವ ನೆಕ್ಸ್‌ಪೀರಿಯಾ ಕಂಪನಿಯ ವಿಚಾರದಲ್ಲಿ ಜಟಾಪಟಿಯಾದಾಗ, ತೀರಾ ಅಗ್ಗದ ಡಯೋಡ್, ಟ್ರಾನ್ಸಿಸ್ಟರ್‌ಗಳು ಸಿಗದೆ ಹೋಂಡಾದಂಥ ಕಂಪನಿಯ ಕಾರು ತಯಾರಿಕೆಗೇ ಹೊಡೆತ ಬಿತ್ತು.

ಮೈಸೂರಿನ ಕಂಪನಿ, ಸಾನಂದದ ಕಾರ್ಖಾನೆ

ಪವರ್ ಎಲೆಕ್ಟ್ರಾನಿಕ್ಸ್ ಕರ್ನಾಟಕಕ್ಕೆ ಹೊಸದಲ್ಲ. ಬಿಇಎಲ್ 1960ರ ದಶಕದ ಆರಂಭದಲ್ಲೇ ಜರ್ಮೇನಿಯಂ ಟ್ರಾನ್ಸಿಸ್ಟರ್ ಮಾಡಿತ್ತು. ಬೆಂಗಳೂರು ಮೈಸೂರು ರಸ್ತೆಯ ಬಿಎಚ್‌ಇಎಲ್ ಎಲೆಕ್ಟ್ರಾನಿಕ್ಸ್ ವಿಭಾಗ ಡಯೋಡ್‌ಗಳನ್ನೂ ಥೈರಿಸ್ಟರ್ ಎಂಬ ಪವರ್ ಸ್ವಿಚ್ಚುಗಳನ್ನೂ ರೈಲು ಎಂಜಿನ್ನಿನ ಕನ್ವರ್ಟರ್‌ಗಳನ್ನೂ ತಯಾರಿಸಿದೆ. ಒಡಿಶಾದ ತಾಲ್ಚೇರ್‌ನಿಂದ ಕೋಲಾರಕ್ಕೆ 2003ರಿಂದ ಡಿಸಿ ಮಾರ್ಗದಲ್ಲಿ 2,000 ಮೆಗಾವಾಟ್ ವಿದ್ಯುತ್ ಬರತೊಡಗಿದಾಗ, ಅದನ್ನು ಎಸಿಗೆ ತಿರುಗಿಸಿದ್ದು ಕೋಲಾರದ ಥೈರಿಸ್ಟರ್ ಗೋಪುರಗಳೇ. ಭಾರತೀಯ ವಿಜ್ಞಾನ ಸಂಸ್ಥೆಯ ನ್ಯಾನೊ ವಿಜ್ಞಾನ ಕೇಂದ್ರದಲ್ಲಿ ಗ್ಯಾಲಿಯಂ ನೈಟ್ರೈಡ್ ಬೆಳೆದವರು ಅಗ್ನಿಟ್ ಎಂಬ ಕಂಪನಿಯನ್ನೂ ಹುಟ್ಟುಹಾಕಿದ್ದಾರೆ.

ಇಷ್ಟಿದ್ದೂ ಹೊಸ ಕಾರ್ಖಾನೆಗಳ ವಿಳಾಸ ಬೇರೆ. ಮೈಸೂರಿನಲ್ಲಿ 1988ರಲ್ಲಿ ಹುಟ್ಟಿದ ಕೇನ್ಸ್, ಚಿಪ್ ಪ್ಯಾಕೇಜಿಂಗ್ ಘಟಕ ಮಾಡುತ್ತದೆ ಎಂದಾಗ ಮೈಸೂರಿನ ಹೆಸರು ಬಂತು, ಹೈದರಾಬಾದಿನ ಹೆಸರು ಬಂತು; ಕಟ್ಟಿದ್ದು ಗುಜರಾತಿನ ಸಾನಂದದಲ್ಲಿ. ಸುಮಾರು 3,300 ಕೋಟಿ ರೂಪಾಯಿಯ ಆ ಘಟಕದಿಂದ 2025ರ ಅಕ್ಟೋಬರ್‌ನಲ್ಲಿ ಹೊರಟ ಮೊದಲ ವಾಣಿಜ್ಯ ಸರಕು ಯಾವುದು ಗೊತ್ತೇ? ಪವರ್ ಮಾಡ್ಯೂಲ್. ಆರು ಐಜಿಬಿಟಿ ಸೇರಿ 17 ತುಂಡುಗಳನ್ನು ಒಂದೇ ಕವಚದಲ್ಲಿ ಕೂರಿಸಿದ್ದು. ಕೊಂಡದ್ದು ಅಮೆರಿಕದ ಆಲ್ಫಾ ಆ್ಯಂಡ್ ಒಮೆಗಾ ಕಂಪನಿ. ಅದೇ ವರ್ಷ ಆಗಸ್ಟ್‌ನಲ್ಲಿ ಕೇಂದ್ರ ಸಂಪುಟ ಒಪ್ಪಿದ ಸಿಲಿಕಾನ್ ಕಾರ್ಬೈಡ್ ಘಟಕ ಭುವನೇಶ್ವರದ ಪಾಲಾಯಿತು. ಹೂಡಿಕೆಗಳನ್ನು ಗುಜರಾತು, ಅಸ್ಸಾಮಿನ ಕಡೆ ತಿರುಗಿಸಲಾಗುತ್ತಿದೆ ಎಂದು ಸಚಿವ ಪ್ರಿಯಾಂಕ್ ಖರ್ಗೆ ದೂರಿದ್ದು ಸುದ್ದಿಯಾಯಿತು. ದೂರಿನಲ್ಲಿ ಹುರುಳಿದೆ. ಆದರೆ ಎರಡು ನ್ಯಾನೊಮೀಟರ್ ಕನಸಿನ ಹಿಂದೆ ಬಿದ್ದು, ಹಳೆಯ ಮಟ್ಟದ ಯಂತ್ರಗಳಲ್ಲೇ ಮಾಡಬಹುದಾದ ಈ ಪವರ್ ಚಿಪ್ಪನ್ನು ಬೆಂಗಳೂರು ಕಡೆಗಣಿಸಿತು ಎಂಬ ಮಾತಿನಲ್ಲೂ ಹುರುಳಿದೆ. ಬಾಳಿಗರು ಇದ್ದ ಲೈನಿನಲ್ಲೇ ಮಾಡಿ ತೋರಿಸಿದ್ದರಲ್ಲವೇ?

ಬಿಲ್ಲು ಬರುವಲ್ಲಿ ಚಿಪ್ಪು

ಬಳ್ಳಾರಿಯಲ್ಲಿ ಪವರ್ ಚಿಪ್ಪಿನ ಗಿರಾಕಿ ಯಾರು? ಕರೆಂಟ್ ಬಿಲ್ಲು ಕಟ್ಟುವವರು. ಜೀನ್ಸ್ ಹೊಲಿಯುವ ಘಟಕಗಳಲ್ಲಿ ಹಳೆಯ ಕ್ಲಚ್ ಮೋಟಾರು ಸೂಜಿ ನಿಂತಿದ್ದರೂ ಗುಂಯ್ ಎನ್ನುತ್ತಲೇ ಇರುತ್ತಿತ್ತು. ಸರ್ವೊ ಮೋಟಾರು ಪೆಡಲ್ ಒತ್ತಿದಾಗ ಮಾತ್ರ ತಿರುಗುತ್ತದೆ. ಗಿರಣಿಯ ಬ್ಲೋವರನ್ನು ಡ್ರೈವ್ ಹಾಕಿ ಶೇ 80ರ ವೇಗಕ್ಕೆ ಇಳಿಸಿದರೆ ಬೇಕಾಗುವ ವಿದ್ಯುತ್ ಹೆಚ್ಚುಕಡಿಮೆ ಅರ್ಧಕ್ಕೆ ಬರುತ್ತದೆ. ನದಿಯಂಚಿನ ಪಂಪ್‌ಸೆಟ್ಟಿನ ಮಾತು ಬೇರೆ. 10 ಎಚ್‌ಪಿವರೆಗೆ ಕರೆಂಟು ಉಚಿತ. ಉಳಿಸಿ ಯಾರಿಗೆ ಲಾಭ? ಹಾಗಾಗಿ ರಾಜ್ಯದ ಲಕ್ಷಾಂತರ ಪಂಪ್‌ಸೆಟ್‌ಗಳು ಈ ಮಾರುಕಟ್ಟೆಯ ಹೊರಗೇ ಉಳಿದಿವೆ. ಅವನ್ನು ಒಳಗೆ ತರುತ್ತಿರುವುದು ಸೋಲಾರ್ ಪಂಪು ಮಾತ್ರ, ಏಕೆಂದರೆ ಪ್ಯಾನೆಲ್ಲಿನ ಡಿಸಿಯಿಂದ ಮೋಟಾರು ಓಡಿಸಲು ನಡುವೆ ಕಂಟ್ರೋಲರ್ ಬೇಕೇ ಬೇಕು.

ಜಗತ್ತಿನ ಮಾರುಕಟ್ಟೆಯ ಮುಗ್ಗರಿಕೆ ಕೊಳ್ಳುವವರಿಗೆ ಒಳ್ಳೆಯದೇ. ಗಿರಣಿಯ ಡ್ರೈವಿಗೆ, ಎಲೆಕ್ಟ್ರಿಕ್ ಸ್ಕೂಟರಿಗೆ ಇನ್ನೂ ಕೆಲವು ವರ್ಷ ಸಿಲಿಕಾನೇ ಸಾಕು. ದುಬಾರಿ ವಸ್ತುವಿನ ಹೆಸರು ಹೇಳಿ ಮಾರುವವರನ್ನು ನಂಬಬೇಕಿಲ್ಲ. ಕೇಳಬೇಕಾದ ಪ್ರಶ್ನೆ ಬೇರೆ: ಈ ಡ್ರೈವ್ ಎಷ್ಟು ಬಿಸಿ ತಡೆಯುತ್ತದೆ? ಸಾಮಾನ್ಯವಾಗಿ ಡ್ರೈವಿನ ಮೇಲೆ ಬರೆದ ಸಾಮರ್ಥ್ಯ ಸುತ್ತಲಿನ ಗಾಳಿ 40 ಡಿಗ್ರಿಯೊಳಗಿದ್ದರೆ ಮಾತ್ರ ಸಿಗುವಂಥದ್ದು. ಅದರ ಮೇಲೆ ಪ್ರತಿ ಡಿಗ್ರಿಗೂ ಶೇ 1ರಷ್ಟೋ ಇನ್ನೂ ತುಸು ಹೆಚ್ಚೋ ಕಳೆಯಬೇಕು. ಬಳ್ಳಾರಿಯ ಏಪ್ರಿಲ್, ಮೇ ತಿಂಗಳಲ್ಲಿ, ತಗಡಿನ ಚಾವಣಿಯ ಕೆಳಗೆ, ತೌಡು ಮೆತ್ತಿದ ಫ್ಯಾನಿನೊಂದಿಗೆ 20 ಎಚ್‌ಪಿ ಮೋಟಾರಿಗೆ ಕರಾರುವಾಕ್ಕಾಗಿ 20 ಎಚ್‌ಪಿಯ ಡ್ರೈವನ್ನೇ ಕೂರಿಸಿದರೆ ಅದು ಸುಗ್ಗಿಯ ನಡುವೆಯೇ ಕೈಕೊಡುತ್ತದೆ. ಒಂದು ಸೈಜ್ ದೊಡ್ಡದು ಕೊಳ್ಳಿ, ಪೆಟ್ಟಿಗೆಯನ್ನು ಧೂಳಿನ ಕೋಣೆಯಿಂದ ಹೊರಗಿಡಿ, ತಿಂಗಳಿಗೊಮ್ಮೆ ಕರೆಂಟು ತೆಗೆಸಿ ಹೀಟ್ ಸಿಂಕಿಗೆ ಗಾಳಿ ಹೊಡೆಸಿ.